ಹಿಂದಿನ ತಾರೀಖು

"ಏಳೇ ಲೌಡಿ, ಎಷ್ಟು ಸಲ ಹೇಳ್ಬೇಕು? ಆ ಕುರ್ಚಿ ಇನ್ಮೇಲೆ ನಿಂದಲ್ಲ."

ಹೆಡ್ ಕ್ಲಾರ್ಕ್ ಗೋಪೀನಾಥರಾಯರ ದನಿಗೆ ಹನುಮಕ್ಕ ಬೆಚ್ಚಿ ಎದ್ದು ನಿಂತಳು. ಕುರ್ಚಿಯನ್ನು ಎಳೆದು ಮೂಲೆಗೆ ಹಾಕು ಎಂದು ರಾಯರು ಜವಾನ ಕರಿಬಸಪ್ಪನಿಗೆ ಹೇಳಿದ್ದರು. ಅವನು ಅವಳ ಮುಖ ನೋಡಲಾರದೆ ಬಂದು, ಸದ್ದಾಗದ ಹಾಗೆ ಅದನ್ನು ಎತ್ತಿಕೊಂಡು ಹೋದ.

ಗಂಡ ಸತ್ತ ಮೇಲೆ ರಾಜಾಜಿನಗರದ ಆ ಸರ್ಕಾರಿ ಕಚೇರಿಗೆ ಜವಾನಳಾಗಿ ಸೇರಿದವಳು ಹನುಮಕ್ಕ. ಹೇರೋಹಳ್ಳಿಯ ಹೊಲಗೇರಿಯಿಂದ ನಡೆದು ಬಂದು, ಕಸ ಗುಡಿಸಿ, ಎಲ್ಲರ ಕಾಫಿ ಲೋಟ ತೊಳೆದು, ತನ್ನದನ್ನು ಮಾತ್ರ ಕಿಟಕಿಯ ಹೊರಗೆ ಬೋರಲು ಹಾಕುತ್ತಿದ್ದಳು. ಏಳನೇ ಕ್ಲಾಸಷ್ಟೇ ಓದಿದ್ದವಳು ಇಲಾಖೆಯ ಪರೀಕ್ಷೆ ಕಟ್ಟಿ, ಪಾಸಾಗಿ, ಗುಮಾಸ್ತೆಯಾದಳು. ಅವತ್ತು ಕರಿಬಸಪ್ಪ ಅವಳಿಗೂ ಎಲ್ಲರೂ ಕುಡಿಯುವ ಲೋಟದಲ್ಲೇ ಕಾಫಿ ತಂದಿಟ್ಟ. ಮಾರನೆಯ ದಿನದಿಂದ ರಾಯರು ಮನೆಯಿಂದ ಫ್ಲಾಸ್ಕಿನಲ್ಲಿ ಕಾಫಿ ತರತೊಡಗಿದರು. ಯಾಕೆಂದು ಯಾರೂ ಕೇಳಲಿಲ್ಲ.

ಇವತ್ತು ರಾಯರ ಮೇಜಿನ ಮೇಲೆ ಫ್ಲಾಸ್ಕು ಇರಲಿಲ್ಲ. ಬೆಳಿಗ್ಗೆ ಒಳಗೆ ಕಾಲಿಟ್ಟವಳೇ ಹನುಮಕ್ಕ ಅದನ್ನು ಗಮನಿಸಿದ್ದಳು. ಹಿಂಬಡ್ತಿಯ ಆದೇಶ ಕೈಗೆ ಬರುವ ಮೊದಲೇ ಅವಳಿಗೆ ಅರ್ಥವಾಗಿತ್ತು.

ಗುಮಾಸ್ತರಾಗುವವರು ಎಸ್ಸೆಸ್ಸೆಲ್ಸಿ ಮಾಡಿರಲೇಬೇಕಂತೆ. ನಿಯಮ ಹೊರಟದ್ದು ಈ ತಿಂಗಳು. ಜಾರಿಯಾಗುವುದು ಮಾತ್ರ ಅವಳಿಗೆ ಬಡ್ತಿ ಸಿಕ್ಕಿದ್ದಕ್ಕೂ ಹಿಂದಿನ ತಾರೀಖಿನಿಂದ. ಹಾಗಾಗಿ ಅವಳು ಮತ್ತೆ ಜವಾನಳು.

"ನಾನು ಪರೀಕ್ಷೆ ಕಟ್ಟಿದಾಗ ಈ ರೂಲು ಹುಟ್ಟೇ ಇರ್ಲಿಲ್ವಲ್ಲ ಸಾರ್," ಎಂದಳು. ದನಿ ಅವಳಿಗೇ ಸರಿಯಾಗಿ ಕೇಳಿಸಲಿಲ್ಲ. "ಹುಟ್ದೇ ಇರೋದು ನನ್ನ ಹೆಂಗ್ ಹಿಡ್ಕಂತದೆ?"

"ಲಾ ಪಾಯಿಂಟು ಬೇರೆ ಹಾಕ್ತೀಯಾ ಮುಂಡೇ! ತಗೋ, ಸೈನ್ ಮಾಡು." ರಾಯರು ಒಂದು ಹಾಳೆ ತಳ್ಳಿದರು. ನನ್ನ ಇಚ್ಛೆಯಿಂದಲೇ ಹಿಂದಿನ ಹುದ್ದೆಗೆ ಹೋಗುತ್ತೇನೆ, ಮುಂದೆ ಬಡ್ತಿ ಕೇಳುವುದಿಲ್ಲ, ಕೋರ್ಟಿಗೆ ಹೋಗುವುದಿಲ್ಲ ಎಂದು ಅದರಲ್ಲಿ ಟೈಪಾಗಿತ್ತು. "ಎಮರ್ಜೆನ್ಸಿ ಕಣೇ ಇದು. ಮುನಿರಾಮಯ್ಯ ಏನಾದ, ನೆನಪಿದ್ಯಾ?"

ನೆನಪಿಲ್ಲದೆ ಏನು? ಪಕ್ಕದ ಸೆಕ್ಷನ್ನಿನ ಮುನಿರಾಮಯ್ಯ ಅನ್ಯಾಯವಾಯಿತೆಂದು ಮೇಲಿನವರಿಗೆ ಅರ್ಜಿ ಬರೆದಿದ್ದ. ಪೊಲೀಸ್ ಜೀಪು ಬಂದು ಕರೆದುಕೊಂಡು ಹೋಯಿತು. ಅವನ ಹೆಂಡತಿ ಮಗುವನ್ನು ಎತ್ತಿಕೊಂಡು ಇದೇ ಬಾಗಿಲಿಗೆ ಬಂದು ಅವನೆಲ್ಲಿ ಎಂದು ಕೇಳಿದಾಗ ಎಲ್ಲರೂ ಫೈಲಿನೊಳಗೆ ಮುಖ ಇಟ್ಟಿದ್ದರು. ಹನುಮಕ್ಕನೂ ಇಟ್ಟಿದ್ದಳು.

"ಯೋಚ್ನೆ ಆಮೇಲೆ ಮಾಡು. ಮೊದ್ಲು ಹೋಗಿ ಕಾಫಿ ತಗೊಂಬಾ."

"ನಾ ತರ್ತೀನಿ ಬಿಡ್ರೀ ಸಾರ್," ಎಂದ ಕರಿಬಸಪ್ಪ.

"ನಿನ್ನ ಯಾವನೋ ಕೇಳಿದ್ದು? ಅವಳೇ ತರ್ಲಿ."

ಅವಳೇ ಹೋದಳು. ಹೋಟೆಲಿನಿಂದ ಕಾಫಿಯ ಕೂಜ ಹಿಡಿದು ಹೊರಟಳು. ರಸ್ತೆಯಲ್ಲಿ ಜೀಪಿನ ಸದ್ದು ಕೇಳಿದಾಗಲೆಲ್ಲ ಗೋಡೆಗೆ ಒತ್ತಿ ನಿಲ್ಲುತ್ತಿದ್ದಳು. ತನ್ನನ್ನು ಕರೆದುಕೊಂಡು ಹೋದರೆ ಮಗಳು ಪುಟ್ಟಲಕ್ಷ್ಮಿ ಯಾರ ಬಾಗಿಲಿಗೆ ಹೋಗಿ ನಿಂತಾಳು? ಸೈನು ಹಾಕಿಬಿಡುತ್ತೇನೆ ಅಂದುಕೊಂಡಳು. ಹಾಕಿ, ಲೋಟ ತೊಳೆದುಕೊಂಡಿರುತ್ತೇನೆ.

ಎಲ್ಲರಿಗೂ ಕೊಟ್ಟಳು. ಟೈಪಿಸ್ಟ್ ಜಲಜಾ ಲೋಟ ಈಸಿಕೊಳ್ಳುವಾಗ ಹನುಮಕ್ಕನ ಬೆರಳುಗಳನ್ನು ಒಂದು ಗಳಿಗೆ ಹಿಡಿದುಕೊಂಡಳು. ರಾಯರು ಒಂದು ಗುಟುಕು ಕುಡಿದು ಸಲೀಸಾಗಿ ನಕ್ಕರು.

"ಹಾಂ, ಈಗ ಎಲ್ಲಾ ಸರಿಹೋಯ್ತು. ಆ ಕಿಟಕಿ ತೆಗ್ಯೋ ಕರಿಬಸಪ್ಪ. ನಿಮ್ಮ ಹನುಮಕ್ಕ ತನ್ ಲೋಟ ಎಲ್ಲಿಡ್ಬೇಕು ಮತ್ತೆ?"

ಯಾರೋ ಕಿಸಕ್ಕೆಂದರು.

ಹನುಮಕ್ಕ ಕೂಜ ಕೆಳಗಿಟ್ಟಳು. ಹಾಳೆ ಎಳೆದುಕೊಂಡು, ಸೈನು ಹಾಕುವ ಜಾಗದಲ್ಲಿ 'ನಾನು ಒಪ್ಪಿಲ್ಲ' ಎಂದು ಬರೆದಳು. ಅಕ್ಷರಗಳು ಸೊಟ್ಟಗಾದವು. ಅದರ ಕೆಳಗೆ ಮತ್ತೊಂದು ಸಲ, ದಪ್ಪಗೆ, ಯಾರು ಬೇಕಾದರೂ ಓದಬಹುದಾದ ಹಾಗೆ ಬರೆದು, ಹೆಸರು ಹಾಕಿದಳು.

ರಾಯರ ಮುಖದ ನಗು ಆರಿತು. ಓದಿದರು. ಫೋನೆತ್ತಿ ನಂಬರು ತಿರುಗಿಸಿದರು.

"ಹೌದು ಸಾರ್... ಇಲ್ಲೇ ಇದಾಳೆ. ಜೀಪು ಕಳ್ಸಿ ಸಾರ್." ಫೋನಿಟ್ಟು ಕೂಗಿದರು: "ಕರಿಬಸಪ್ಪ, ಬಾಗ್ಲು ಹಾಕೋ!"

ಕರಿಬಸಪ್ಪ ಬಾಗಿಲಿಗೆ ಹೋದ. ಎರಡೂ ಕದಗಳನ್ನು ಗೋಡೆಗೆ ತಾಗುವಷ್ಟು ತೆರೆದು, ಹೊಸ್ತಿಲ ಹೊರಗೆ ಬೆನ್ನು ತಿರುಗಿಸಿ ನಿಂತ.

"ಹೋಗಕ್ಕಾ," ಎಂದ, ಬೀದಿಗೆ ಹೇಳುವವನ ಹಾಗೆ.

ಹೋಗಬಹುದಿತ್ತು. ಹನುಮಕ್ಕ ಹೋಗಲಿಲ್ಲ. ಎರಡೂ ಕೈಯಲ್ಲಿ ತನ್ನ ಮೇಜಿನ ಅಂಚನ್ನು ಹಿಡಿದುಕೊಂಡು ನಿಂತೇ ಇದ್ದಳು. ಟೈಪ್ ಮಷೀನಿನ ಸದ್ದು ನಿಂತುಹೋಯಿತು. ಹೊರಗೆ ಒಂದು ಗಾಡಿ ಬಂದು, ಎಂಜಿನ್ ಆರಿಸದೆ, ನಿಂತಿತು.