ಗುರುವಾರದ ಗೆರೆ

ಏನು ಕೆಲಸ ಎಂದು ಯಾರಾದರೂ ಕೇಳಿದರೆ ‘ಅಂಗಡಿಯಲ್ಲಿ’ ಎಂದು ಹೇಳಿ ಸುಮ್ಮನಾಗುತ್ತೇನೆ. ದೊಡ್ಡ ದಿನಸಿ ಅಂಗಡಿಯ ಹೆಸರು ಕೇಳಿ, ಕ್ಯಾಶ್ ಕೌಂಟರಿನಲ್ಲಿ ಕೂರುತ್ತಾಳೆ ಎಂದುಕೊಳ್ಳುತ್ತಾರೆ. ಅಂದುಕೊಳ್ಳಲಿ. ಯಾವ ಸಾಮಾನು ಯಾವ ಸಾಲಿನಲ್ಲಿ, ಎಷ್ಟನೇ ಹಲಗೆಯಲ್ಲಿ, ಯಾವುದರ ಪಕ್ಕ ಕೂರಬೇಕು ಎಂದು ನಕ್ಷೆ ಬರೆಯುವವಳು ನಾನು. ನೀವು ಉಪ್ಪಿಗೆಂದು ಒಳಗೆ ಬಂದು, ಬಿಸ್ಕತ್ತು, ಶಾಂಪೂ, ಬೇಡದ ಒಂದು ಪ್ಲಾಸ್ಟಿಕ್ ಡಬ್ಬಿ ಹೊತ್ತುಕೊಂಡು ಹೊರಗೆ ಹೋಗಿದ್ದರೆ ಅದರಲ್ಲಿ ನನ್ನ ಕೈವಾಡವಿದೆ. ಹನ್ನೊಂದು ವರ್ಷ ಈ ಕೆಲಸ ಮಾಡಿದ್ದೇನೆ. ನಾಚಿಕೆಯೇನೂ ಇರಲಿಲ್ಲ, ನಿಜ ಹೇಳಬೇಕೆಂದರೆ ಸ್ವಲ್ಪ ಜಂಬವೇ ಇತ್ತು.

ಮನೆಯಲ್ಲಿ ನಾನು, ನನ್ನ ತಮ್ಮ, ಇಬ್ಬರೇ. ಮೂರನೇ ಮಹಡಿಯಲ್ಲಿ ಎರಡು ಕೋಣೆ. ತಮ್ಮನಿಗೆ ಈಗ ಮೂವತ್ತಾರು. ಏಳು ವರ್ಷದ ಹಿಂದೆ ಒಂದು ಗೋದಾಮಿನಲ್ಲಿ ಮೂಟೆ ಇಳಿಸುತ್ತಿದ್ದಾಗ ಅಟ್ಟಿ ಕುಸಿದು ಅವನ ತಲೆಯ ಮೇಲೆ ಬಿತ್ತು. ಆಸ್ಪತ್ರೆಯಿಂದ ಬರುವಾಗ ನಗು ಹಾಗೇ ಇತ್ತು, ತುಂಟ ನಾಲಿಗೆಯೂ ಹಾಗೇ ಇತ್ತು. ಆದರೆ ಹೊಸದು ಯಾವುದೂ ತಲೆಯಲ್ಲಿ ನಿಲ್ಲುತ್ತಿರಲಿಲ್ಲ. ಒಂದೇ ಕೆಲಸವನ್ನು ಒಂದೇ ಕ್ರಮದಲ್ಲಿ ನೂರಾರು ಸಲ ಮಾಡಿಸಿದರೆ ಮಾತ್ರ ಉಳಿಯುತ್ತಿತ್ತು. ಕ್ರಮ ತಪ್ಪಿಸಬೇಡಿ ಎಂದು ಡಾಕ್ಟರು ಕೈಮುಗಿದು ಹೇಳಿದ್ದರು.

ನಮ್ಮ ಅಂಗಡಿಯನ್ನು ಅವನಿಗೆ ಕಲಿಸಲು ನನಗೆ ಎರಡು ವರ್ಷ ಹಿಡಿಯಿತು. ಹದಿನಾಲ್ಕು ಸಾಮಾನು. ಬಾಗಿಲಲ್ಲಿ ಈರುಳ್ಳಿ, ಬಲಕ್ಕೆ ತಿರುಗಿದರೆ ಅಕ್ಕಿ, ಅಕ್ಕಿಯ ಎದುರು ಎಣ್ಣೆ, ನಾಲ್ಕನೇ ಸಾಲಿನ ಕೊನೆಗೆ ಚಹಾಪುಡಿ, ಐದನೆಯದರಲ್ಲಿ ಸೊಂಟದ ಎತ್ತರಕ್ಕೆ ಉಪ್ಪು, ಕೊನೆಗೆ ಮೊಟ್ಟೆ. ಚೀಟಿ ಬರೆದು ಕೊಟ್ಟರೆ ಓದಿ ಮುಗಿಸುವಷ್ಟರಲ್ಲಿ ಮರೆಯುತ್ತಿದ್ದ. ಕಾಲಿಗೆ ಮಾತ್ರ ಎಲ್ಲ ಗೊತ್ತಾಗುತ್ತಿತ್ತು. ಒಂದು ಗುರುವಾರ ಬಾಗಿಲಲ್ಲಿ ನನ್ನ ಕೈ ಕೊಡವಿಕೊಂಡು, “ನೀವು ಇಲ್ಲೇ ನಿಂತಿರಿ ಮೇಡಂ, ಗಂಡಸು ಸಾಮಾನು ತರ್ತಾನೆ” ಎಂದು ಒಳಗೆ ಹೋದ. ಹದಿನಾಲ್ಕೂ ತಂದ. ನಾನು ತಳ್ಳುಗಾಡಿಗಳ ನಡುವೆ ನಿಂತು ಗೊಳೋ ಎಂದು ಅತ್ತೆ.

ಆಮೇಲೆ ಐದು ವರ್ಷ, ಪ್ರತಿ ಗುರುವಾರ ಬೆಳಿಗ್ಗೆ ಹತ್ತಕ್ಕೆ, ಒಬ್ಬನೇ. ವಾರದ ಉಳಿದ ಆರು ದಿನ ಅವನು ನನ್ನ ಮಾತಿನಂತೆ ಏಳುತ್ತಿದ್ದ, ಉಣ್ಣುತ್ತಿದ್ದ. ಗುರುವಾರ ಮಾತ್ರ ಅವನು ಮನೆಯ ಯಜಮಾನ. ತನ್ನ ತಲೆ ಇನ್ನೂ ಕೆಟ್ಟಿಲ್ಲ ಎನ್ನುವುದಕ್ಕೆ ಅವನ ಹತ್ತಿರ ಇದ್ದ ಸಾಕ್ಷಿ ಅದೊಂದೇ.

ಈ ವರ್ಷದ ಮೊದಲಲ್ಲಿ ಮುಖ್ಯ ಕಚೇರಿಯಿಂದ ಒಬ್ಬ ಅಧಿಕಾರಿ ಬಂದರು. ಬಾಯಿ ತೆರೆದರೆ ನಿಮಿಷದ ಲೆಕ್ಕ. ನಾವು ಬೆನ್ನ ಹಿಂದೆ ಅವರಿಗೆ ನಿಮಿಷರಾಯರು ಎಂದು ಹೆಸರಿಟ್ಟೆವು. ಅವರು ಹೇಳಿದ್ದರಲ್ಲಿ ಸುಳ್ಳೇನೂ ಇರಲಿಲ್ಲ. ಜನ ಬದಲಾಗಿದ್ದರು. ಮೊದಲು ತಿಂಗಳಿಗೊಮ್ಮೆ ಮನೆಮಂದಿಯೆಲ್ಲ ಬಂದು ಗಾಡಿ ತುಂಬಿಸುತ್ತಿದ್ದವರು ಈಗ ಅರ್ಧ ಸಾಮಾನನ್ನು ಫೋನಿನಲ್ಲೇ ತರಿಸಿಕೊಳ್ಳುತ್ತಿದ್ದರು. ಬಂದವರೂ ಚಿಕ್ಕ ಬುಟ್ಟಿ ಹಿಡಿದು, ಫೋನಿನಲ್ಲಿ ಬರೆದುಕೊಂಡದ್ದನ್ನು ನೋಡುತ್ತ ನೇರವಾಗಿ ಹೋಗಿ, ಎತ್ತಿಕೊಂಡು, ಬಿಲ್ ಮಾಡುವ ಯಂತ್ರಕ್ಕೆ ತಾವೇ ತೋರಿಸಿ ಹೊರಟುಬಿಡುತ್ತಿದ್ದರು. ಅಕ್ಕಪಕ್ಕ ಕತ್ತೆತ್ತಿ ನೋಡುವವರೇ ಇಲ್ಲ.

“ಸರಾಸರಿ ಒಂಬತ್ತು ನಿಮಿಷ” ಎಂದರು ನಿಮಿಷರಾಯರು. “ಒಂಬತ್ತು ನಿಮಿಷದಲ್ಲಿ ಯಾರೂ ಏನೂ ನೋಡಲ್ಲ. ನೋಡದೆ ಇದ್ರೆ ಆಸೆ ಹುಟ್ಟಲ್ಲ. ಈ ಕಾಯಿಲೆ ಹೇಗಿದೆ ಅಂತ ನನಗೊಂದು ಮಾದರಿ ತೋರಿಸಿ.”

ಪ್ರತಿ ಬುಟ್ಟಿಯ ತಳದಲ್ಲೂ ಅಂಗಿಯ ಗುಂಡಿಯಷ್ಟು ಚಿಕ್ಕ ಒಂದು ಯಂತ್ರವಿದೆ. ಬುಟ್ಟಿ ಹೋದಲ್ಲೆಲ್ಲ ನನ್ನ ಕಂಪ್ಯೂಟರಿನಲ್ಲಿ ಗೆರೆ ಮೂಡುತ್ತದೆ. ಸಾವಿರಾರು ಗೆರೆ ತಡಕಿ ನೋಡಿದೆ. ಎಲ್ಲದರಲ್ಲೂ ಒಂದಷ್ಟು ಅಡ್ಡಾಟ, ಒಂದಷ್ಟು ಹಿಂದೆಮುಂದೆ. ಒಂದೇ ಒಂದು ಗೆರೆ ಅಚ್ಚುಕಟ್ಟಾಗಿತ್ತು. ವಾರ ವಾರವೂ ಅದೇ ತಿರುವು, ಅದೇ ನಿಲುಗಡೆ, ಒಂದರ ಮೇಲೊಂದು ಇಟ್ಟರೆ ಕೂದಲೆಳೆಯಷ್ಟೂ ಆಚೀಚೆ ಇಲ್ಲ. ಗುರುವಾರ, ಬೆಳಿಗ್ಗೆ ಹತ್ತು. ಅದು ಯಾರ ಗೆರೆ ಎಂದು ನನಗೆ ನೋಡಿದ ಕೂಡಲೇ ತಿಳಿಯಿತು. ಹೆಮ್ಮೆಯಿಂದ ಎದೆ ಉಬ್ಬಿತು. ನೋಡಿ ನನ್ನ ತಮ್ಮನನ್ನು ಎಂದು ಊರಿಗೆಲ್ಲ ಕೂಗಬೇಕೆನಿಸಿತು. ಕೂಗಲಿಲ್ಲ. ಹೆಸರು ಹೇಳದೆ, ಆ ಗೆರೆಯನ್ನು ದೊಡ್ಡದು ಮಾಡಿ ಮೀಟಿಂಗಿನಲ್ಲಿ ತೋರಿಸಿದೆ. ಇಂಥ ಬುದ್ಧಿಗೆ ಏನು ಹೇಳಬೇಕೋ ಗೊತ್ತಿಲ್ಲ.

ನಿಮಿಷರಾಯರು ಕುರ್ಚಿಯಿಂದ ಎದ್ದೇಬಿಟ್ಟರು. “ಇದೇ! ಇದೇ ನೋಡಿ! ಈ ಗುರುವಾರದ ಗಿರಾಕಿಯನ್ನ ಹಿಡಿದು ನಿಲ್ಲಿಸಿದ್ರೆ ಎಲ್ಲರನ್ನೂ ನಿಲ್ಲಿಸಿದ ಹಾಗೆ.” ನನ್ನ ಬೆನ್ನು ತಟ್ಟಿದರು. ಹೊಸ ನಕ್ಷೆಯ ಜವಾಬ್ದಾರಿ ನನಗೇ ಬಂತು. ಜೊತೆಗೆ ಬಡ್ತಿಯ ಮಾತೂ ಬಂತು.

ತಮ್ಮನ ಗುರುವಾರದ ಗತಿ ಏನು ಎಂದು ಹೊಳೆದದ್ದು ಆಗ. ಆದರೂ ನನ್ನನ್ನು ನಾನು ಬಹಳ ಜಾಣೆ ಎಂದುಕೊಂಡಿದ್ದೆನಲ್ಲ, ಒಂದು ಉಪಾಯ ಮಾಡಿದೆ. ಇಡೀ ಅಂಗಡಿಯನ್ನು ತಲೆಕೆಳಗು ಮಾಡಿ, ಆ ಹದಿನಾಲ್ಕು ಸಾಮಾನನ್ನು ಮಾತ್ರ ಇದ್ದಲ್ಲೇ ಬಿಟ್ಟೆ. ಸುತ್ತ ಏನು ಬದಲಾದರೂ ಅವನ ಕಾಲು ಅವನನ್ನು ನಡೆಸುತ್ತದೆ ಎಂದು ಧೈರ್ಯ ಹೇಳಿಕೊಂಡೆ. ನಕ್ಷೆ ಒಯ್ದು ನಿಮಿಷರಾಯರ ಮುಂದಿಟ್ಟರೆ, ಅವರು ಆ ಹಳೆಯ ಗೆರೆಯನ್ನೇ ತೆಗೆದು ಅದರ ಮೇಲೆ ಹಾಸಿದರು. ಗೆರೆ ಎಲ್ಲೂ ತಡೆಯಿಲ್ಲದೆ ಬಾಗಿಲಿಂದ ಬಾಗಿಲಿಗೆ ಹರಿಯಿತು.

“ಇದೇನ್ರೀ ಇದು? ಅವನು ಹಾಗೇ ಪಾರಾಗ್ತಾನಲ್ಲ?” ಎಂದು ನಕ್ಕರು. “ಇದು ಎಲ್ಲೆಲ್ಲಿ ನಿಲ್ಲುತ್ತೋ ಅಲ್ಲೆಲ್ಲ ಬೇರೆ ಏನಾದ್ರೂ ಇಡಿ. ಆರಾರು ವಾರಕ್ಕೆ ಮತ್ತೆ ಬದಲಾಯಿಸೋಣ. ಅಭ್ಯಾಸ ಆಗೋಕೇ ಬಿಡಬಾರದು.”

ಆ ಗಿರಾಕಿ ನನ್ನ ತಮ್ಮ ಎಂದು ಆಗ ಹೇಳಬೇಕಿತ್ತು. ಮಾತು ನಾಲಿಗೆಯ ತುದಿಗೆ ಬಂದಿತ್ತು. ಬಡ್ತಿಯೂ ಕಣ್ಣ ಮುಂದೆ ಇತ್ತು. ಮಾತನ್ನು ನುಂಗಿಕೊಂಡು ನನ್ನ ಮೇಜಿಗೆ ಬಂದೆ. ಉಪ್ಪು ಇದ್ದಲ್ಲಿ ಬೂಟಿನ ಪಾಲಿಶ್, ಚಹಾಪುಡಿ ಇದ್ದಲ್ಲಿ ನಾಯಿಗೆ ಹಾಕುವ ಬಿಸ್ಕತ್ತು, ಮೊಟ್ಟೆ ಇದ್ದಲ್ಲಿ ಬಲ್ಬು. ಹದಿಮೂರನ್ನು ನನ್ನ ಕೈಯಾರೆ ಕಿತ್ತು ಹದಿಮೂರು ದಿಕ್ಕಿಗೆ ಇಟ್ಟೆ. ಬಾಗಿಲ ಈರುಳ್ಳಿಯನ್ನು ಮಾತ್ರ ಅವರೇ ಬೇಡವೆಂದರು. ಒಳಗೆ ಬರುವವರಿಗೆ ಅನುಮಾನ ಬರಬಾರದಂತೆ.

ತಮ್ಮನಿಗೆ ಮೊದಲೇ ಹೇಳಿ ಹೆದರಿಸುವುದು ಬೇಡ, ಹೊಸದಾದ ಮೇಲೆ ಒಂದಷ್ಟು ವಾರ ನಾನೇ ಕೈಹಿಡಿದು ತಿರುಗಿಸುತ್ತೇನೆ ಎಂದುಕೊಂಡೆ. ಎರಡು ವರ್ಷ ಹಿಡಿದದ್ದು ಆರು ವಾರದಲ್ಲಿ ಹೇಗೆ ಆದೀತು ಎಂದು ಯೋಚಿಸಲು ಹೋಗಲಿಲ್ಲ. ಬುಧವಾರ ಸಂಜೆ ಬಾಗಿಲು ಹಾಕಿ ಸಾಮಾನು ಜರುಗಿಸಿ ಮುಗಿಸಿದರು. ಗುರುವಾರ ಬೆಳಿಗ್ಗೆ ನನ್ನನ್ನು ಮುಖ್ಯ ಕಚೇರಿಗೆ ಬರಹೇಳಿದ್ದರು. ಅಲ್ಲಿಗೆ ಬಸ್ಸಿನಲ್ಲಿ ಒಂದು ಗಂಟೆ ದಾರಿ.

“ಇವತ್ತು ಹೋಗಬೇಡ ಕಣೋ” ಎಂದೆ ಹೊರಡುವಾಗ. “ನಾಳೆ ಇಬ್ಬರೂ ಹೋಗೋಣ.”

“ಇವತ್ತು ಗುರುವಾರ ಅಲ್ವಾ?”

“ಹೌದು. ಆದ್ರೆ ನಾಳೆ ಹೋಗೋಣ. ತಿಳೀತಾ?”

“ತಿಳೀತು ಮೇಡಂ” ಎಂದ. ಅವನು ಎಲ್ಲದಕ್ಕೂ ಹಾಗೇ ಅನ್ನುತ್ತಾನೆ. ನನಗೆ ಅದು ಗೊತ್ತಿತ್ತು.

ಮುಖ್ಯ ಕಚೇರಿಯ ಕೋಣೆಯಲ್ಲಿ ಗೋಡೆಯಷ್ಟು ದೊಡ್ಡ ಪರದೆ. ನಮ್ಮ ಅಂಗಡಿ ಅದರಲ್ಲಿ ತೆರೆದುಕೊಂಡಿತ್ತು. ಸಾಲುಗಳ ನಡುವೆ ಹಸಿರು ಗೆರೆಗಳು ಹುಳುಗಳಂತೆ ಹರಿದಾಡುತ್ತಿದ್ದವು. ಜನ ನಿಲ್ಲುತ್ತಿದ್ದರು, ತಿರುಗುತ್ತಿದ್ದರು, ಹಿಂದಕ್ಕೆ ಬರುತ್ತಿದ್ದರು. ಹದಿನೈದು ನಿಮಿಷ, ಹದಿನೆಂಟು ನಿಮಿಷ. ಅಧಿಕಾರಿಗಳು ಕಾಫಿ ಕುಡಿಯುತ್ತ ತಲೆಯಾಡಿಸುತ್ತಿದ್ದರು. ಹತ್ತು ಗಂಟೆಗೆ ಬಾಗಿಲಲ್ಲಿ ಒಂದು ಹೊಸ ಗೆರೆ ಹುಟ್ಟಿತು. ಈರುಳ್ಳಿಯ ಹತ್ತಿರ ನಿಂತಿತು. ಬಲಕ್ಕೆ ತಿರುಗಿತು. ನಾನು ಹೇಳಿದ್ದನ್ನು ಮರೆತು ಅವನು ಹೊರಟು ಬಂದಿದ್ದ.

ಅದು ಮೊದಲ ಸುತ್ತನ್ನು ಹಳೆಯ ಹಾದಿಯಲ್ಲೇ ನಡೆಯಿತು. ಪ್ರತಿ ನಿಲುಗಡೆಯಲ್ಲೂ ನಿಂತಿತು, ಆದರೆ ಮೊದಲಿಗಿಂತ ಹೆಚ್ಚು ಹೊತ್ತು. ಐದನೇ ಸಾಲಿನಲ್ಲಿ ಬಹಳ ಹೊತ್ತು. ಆಮೇಲೆ ಸೀದಾ ಬಾಗಿಲಿಗೆ ವಾಪಸ್ ಬಂದು, ಈರುಳ್ಳಿಯ ಹತ್ತಿರ ನಿಂತು, ಮತ್ತೆ ಬಲಕ್ಕೆ ತಿರುಗಿತು.

“ನೋಡಿ, ನೋಡಿ! ಎರಡನೇ ಸುತ್ತು!” ನಿಮಿಷರಾಯರು ಮೇಜು ಬಡಿದರು. “ಯಾರೋ ಮೊದಲಿಂದ ಶುರು ಮಾಡ್ತಿದಾರೆ!”

ಎಡವಿದರೆ ಹೆದರಬೇಡ, ಬಾಗಿಲಿಗೆ ವಾಪಸ್ ಹೋಗು, ಮೊದಲಿಂದ ಶುರು ಮಾಡು ಎಂದು ಅವನಿಗೆ ಕಲಿಸಿದವಳು ನಾನು. ಮೂರನೇ ಸುತ್ತು. ನಾಲ್ಕನೆಯದು. ನನ್ನ ಕಾಫಿ ಕೆನೆಗಟ್ಟಿತ್ತು. ಎದ್ದು ಹೋಗಲು ಯಾರಪ್ಪನ ಅಪ್ಪಣೆಯೂ ಬೇಕಿರಲಿಲ್ಲ. ಎದ್ದರೆ ಏಕೆಂದು ಕೇಳುತ್ತಾರೆ, ಹೇಳಿದರೆ ಇಷ್ಟು ದಿನ ಏಕೆ ಮುಚ್ಚಿಟ್ಟೆ ಎನ್ನುತ್ತಾರೆ. ಅಷ್ಟಕ್ಕೇ ಕುರ್ಚಿಗೆ ಅಂಟಿಕೊಂಡು ಕೂತಿದ್ದೆ. ಐದು. ಆರು. ಸುತ್ತು ಸುತ್ತಿಗೂ ಗೆರೆ ನಿಧಾನವಾಗುತ್ತ ಬಂತು. ಏಳನೆಯದರಲ್ಲಿ ಅದು ಐದನೇ ಸಾಲಿಗೆ ಬಂದು ನಿಂತುಬಿಟ್ಟಿತು. ಐದು ನಿಮಿಷ, ಹತ್ತು ನಿಮಿಷ, ಇಪ್ಪತ್ತು ನಿಮಿಷ. ಹಸಿರು ಚುಕ್ಕೆ ಅಲುಗಾಡಲಿಲ್ಲ.

“ಆರಿಸ್ಕೊಳ್ತಾ ಇರಬೇಕು” ಎಂದರು ಒಬ್ಬರು. “ಎರಡು ಗಂಟೆ ಆಯ್ತಲ್ಲ! ಒಬ್ಬನೇ ಗಿರಾಕಿ!” ಎಂದು ಇನ್ನೊಬ್ಬರು ಚಪ್ಪಾಳೆ ತಟ್ಟಿದರು. ಚಪ್ಪಾಳೆ ಕೋಣೆಯ ತುಂಬ ಹಬ್ಬಿತು. ನನ್ನ ಕಡೆ ತಿರುಗಿ ತಟ್ಟುತ್ತಿದ್ದರು. ಆಗ ಎದ್ದೆ.

ಮೆಟ್ಟಿಲಿಳಿಯುತ್ತ ಅಂಗಡಿಗೆ ಫೋನು ಮಾಡಿದೆ. ಸಾಮಾನು ಎಲ್ಲಿ ಎಂದು ಕೇಳುವವರ ಗಲಾಟೆಯಲ್ಲಿ ಯಾರೂ ಎತ್ತಲಿಲ್ಲ. ಬಸ್ಸು ಆ ದಿನ ಎಷ್ಟು ಸಿಗ್ನಲ್ಲಿನಲ್ಲಿ ನಿಂತಿತೋ, ಅಷ್ಟು ಸಲ ನನ್ನನ್ನು ನಾನೇ ಬೈದುಕೊಂಡೆ. ನಾನು ಅಂಗಡಿಯೊಳಗೆ ಹೋದಾಗ ಮಧ್ಯಾಹ್ನ ಒಂದು ಗಂಟೆ ದಾಟಿತ್ತು. ಕ್ಯಾಶ್ ಕೌಂಟರಿನವಳು ಓಡಿ ಬಂದಳು.

“ಅಕ್ಕಾ, ನಿಮ್ಮ ತಮ್ಮ ಬೆಳಿಗ್ಗೆಯಿಂದ ಇಲ್ಲೇ ಇದಾರೆ. ಏನು ಬೇಕು, ತೆಕ್ಕೊಡ್ತೀನಿ ಅಂದ್ರೆ ಬೇಡ, ನನಗೆ ಗೊತ್ತಿದೆ ಅಂತಾರೆ. ಆಮೇಲೆ ಮಾತೇ ಆಡ್ತಿಲ್ಲ.”

ಬೂಟಿನ ಪಾಲಿಶ್ ಇದ್ದ ಹಲಗೆಯ ಮುಂದೆ ನಿಂತಿದ್ದ. ಒಂದು ಕೈಯಲ್ಲಿ ಬುಟ್ಟಿ, ಅದರಲ್ಲಿ ಈರುಳ್ಳಿ ಮಾತ್ರ. ಇನ್ನೊಂದು ಕೈ ಸೊಂಟದ ಎತ್ತರದ ಹಲಗೆಯ ಮೇಲೆ, ಉಪ್ಪು ಇರಬೇಕಾದ ಜಾಗದಲ್ಲಿ. ಪ್ಯಾಂಟು ಒದ್ದೆಯಾಗಿತ್ತು. ಪಕ್ಕದಲ್ಲಿ ಹೋಗುವವರು ಮೂಗು ಮುಚ್ಚಿಕೊಂಡು ಸರಿದು ಹೋಗುತ್ತಿದ್ದರು. ನನ್ನನ್ನು ನೋಡಿ ಮೇಡಂ ಎನ್ನಲಿಲ್ಲ. ಕೈ ಹಿಡಿದೆ, ಬಂದ.

ಮನೆಗೆ ಬಂದು ಸ್ನಾನ ಮಾಡಿಸಿದೆ. ಮಂಚದ ಮೇಲೆ ಕೂತು ಬಹಳ ಹೊತ್ತು ಅಂಗೈ ನೋಡಿಕೊಳ್ಳುತ್ತಿದ್ದ.

“ಉಳಿದಿದ್ದೂ ಹೋಯ್ತು ಕಣಕ್ಕಾ.”

“ಏನು ಹೋಯ್ತೋ?”

“ತಲೆ. ಅಂಗಡಿ ಅಲ್ಲೇ ಇದೆ, ಬಾಗಿಲು ಅಲ್ಲೇ ಇದೆ, ಈರುಳ್ಳೀನೂ ಅಲ್ಲೇ ಇದೆ. ಆಮೇಲಿಂದು ಒಂದೂ ನನಗೆ ಕಾಣಿಸ್ತಿಲ್ಲ.”

ಈ ಸಲ ಮಾತನ್ನು ನುಂಗಿಕೊಳ್ಳಲಿಲ್ಲ. “ನಿನ್ನ ತಲೆಗೆ ಏನೂ ಆಗಿಲ್ಲ ಕಣೋ. ಅಂಗಡೀನೇ ಬದಲಾಯಿಸಿದಾರೆ. ಅವರಲ್ಲ, ನಾನು. ನಾನೇ ಬದಲಾಯಿಸಿದ್ದು. ಉಪ್ಪನ್ನ ಅಲ್ಲಿಂದ ತೆಗೆದವಳು ನಾನೇ.”

ಅವನು ತಲೆಯೆತ್ತಿ ನನ್ನನ್ನು ನೋಡಿದ. ಸಿಟ್ಟು ಬರಲಿ ಎಂದು ಕಾದೆ. ಹೊಡೆಯಲಿ ಎಂದು ಬೇಡಿಕೊಂಡೆ. ಅವನು ಮೆಲ್ಲಗೆ ನಕ್ಕ. “ನೀನು ಯಾಕೆ ಹಾಗೆ ಮಾಡ್ತೀಯ?” ಎಂದ. “ಸುಳ್ಳು ಹೇಳೋಕೂ ಬರಲ್ಲ ನಿಂಗೆ.”

ಚೀಲದಿಂದ ಎರಡೂ ನಕ್ಷೆ ತೆಗೆದು ಹಾಸಿದೆ. ಇದು ಹಳೆಯದು, ಇದು ಹೊಸದು, ಇಲ್ಲಿ ಉಪ್ಪಿತ್ತು, ಈಗ ಇಲ್ಲಿದೆ ನೋಡು ಎಂದು ಬೆರಳಿಟ್ಟು ತೋರಿಸಿದೆ. ಅವನ ಕಣ್ಣು ಒಂದು ಹಾಳೆಯಿಂದ ಇನ್ನೊಂದಕ್ಕೆ ಹೋಗುವಷ್ಟರಲ್ಲಿ ಮೊದಲಿನದು ಅಳಿಸಿಹೋಗುತ್ತಿತ್ತು. ಮೂರು ಸಲ ತೋರಿಸಿದೆ. ಕೊನೆಗೆ ಅವನೇ ಹಾಳೆಗಳನ್ನು ಮಡಿಸಿ ನನ್ನ ಕೈಗೆ ಕೊಟ್ಟು ತಲೆ ಸವರಿದ. “ನನ್ನ ಸಮಾಧಾನಕ್ಕೆ ಎಷ್ಟು ಕಷ್ಟಪಟ್ಟು ಬರ್ದಿದೀಯಲ್ಲ. ಅಳಬೇಡ ಬಿಡು.”

ಮುಂದಿನ ಗುರುವಾರದ ಹೊತ್ತಿಗೆ ಬಡ್ತಿಯ ಪತ್ರ ಬಂದಿತ್ತು. ನಾನು ಹೊರಡುವಾಗ ಅವನು ಕಿಟಕಿಯಿಂದ ದೂರ, ಗೋಡೆಗೆ ಒರಗಿ ಕೂತಿದ್ದ. ಹಿಂದಿನ ಗುರುವಾರ ನಡೆದದ್ದು ಅವನ ತಲೆಯಲ್ಲಿ ನಿಂತಿರಲಿಲ್ಲ, ಭಯ ಮಾತ್ರ ನಿಂತಿತ್ತು.

“ಅಕ್ಕಾ, ಹೊರಗಡೆಯಿಂದ ಬೀಗ ಹಾಕ್ಕೊಂಡು ಹೋಗು.”

“ಯಾಕೋ?”

“ಇವತ್ತು ಗುರುವಾರ ಅಲ್ವಾ. ನಾನು ಎದ್ದು ಹೊರಟುಬಿಟ್ರೆ?”

ನೀನೆಲ್ಲಿಗೂ ಹೋಗುವುದಿಲ್ಲ, ಬೀಗವೆಲ್ಲ ಬೇಡ ಎಂದೆ. ಅವನು ಎದ್ದು ಬಂದು ಬೀಗವನ್ನೂ ಕೀಲಿಯನ್ನೂ ನನ್ನ ಕೈಯಲ್ಲಿಟ್ಟು, ಬಾಗಿಲನ್ನು ಒಳಗಿನಿಂದ ತಾನೇ ಎಳೆದುಕೊಂಡ. ನಾನು ಬೀಗ ಹಾಕುವ ಸದ್ದು ಕೇಳುವವರೆಗೂ ಅವನು ಬಾಗಿಲ ಹಿಂದಿನಿಂದ ಕದಲಲಿಲ್ಲ. ಆಮೇಲೆ ನಾನು ಕೆಲಸಕ್ಕೆ ಹೋದೆ. ಮುಂದಿನ ಆರು ವಾರದ ನಕ್ಷೆ ಬರೆಯುವುದು ಬಾಕಿಯಿತ್ತು.