ನಸೀಬಾ ಮಾಡದ ಫೇಷಿಯಲ್

ಮುಖ ತಿಕ್ಕುವುದರಲ್ಲಿ ಚಿತ್ರದುರ್ಗದಲ್ಲೇ ನಸೀಬಾಳನ್ನು ಮೀರಿಸಿದವರಿಲ್ಲ ಎಂಬ ಮಾತಿತ್ತು. ದಾವಣಗೆರೆಯಲ್ಲಿ ಆರು ತಿಂಗಳು ಕೋರ್ಸ್ ಮಾಡಿ ಬಂದು, ಗಂಡ ರೌಫನ ಬಳೆ ಅಂಗಡಿಯ ಮೇಲಿನ ಕೋಣೆಯಲ್ಲಿ ಎರಡು ಕುರ್ಚಿ, ಒಂದು ಸ್ಟೀಮರ್ ಇಟ್ಟುಕೊಂಡು ಪಾರ್ಲರ್ ತೆರೆದು ಹನ್ನೊಂದು ವರ್ಷವಾಗಿತ್ತು. ಅವಳ ಹೆಬ್ಬೆರಳು ಹುಬ್ಬಿನಿಂದ ಕಪಾಳದ ತನಕ ಒಂದೆರಡು ಸಲ ಹಾಯುವಷ್ಟರಲ್ಲಿ ಗಿರಾಕಿಗಳು ಮಾತು ನಿಲ್ಲಿಸಿ ಗೊರಕೆ ಹೊಡೆಯುತ್ತಿದ್ದರು. ಆದರೆ ಹೊಸದುರ್ಗದಿಂದೆಲ್ಲ ಜನ ಹುಡುಕಿಕೊಂಡು ಬರುವಷ್ಟು ಹೆಸರಾದದ್ದು ಅವಳು ಮಾಡಿದ ಕೆಲಸದಿಂದಲ್ಲ, ಮಾಡೊಲ್ಲ ಎಂದು ಬಿಟ್ಟ ಒಂದು ಫೇಷಿಯಲ್‌ನಿಂದ.

ಅದು ಎರಡು ಸಾವಿರದ ಎಂಟನೇ ಇಸವಿ, ಶಿವರಾತ್ರಿಗೆ ಮುಂಚೆ. ಮಂಗಳವಾರ ಬೆಳಿಗ್ಗೆ ಹತ್ತಕ್ಕೆಲ್ಲ ಉಷಾರಾಣಿ ಟೀಚರು ಮೆಟ್ಟಿಲು ಹತ್ತಿ ಬಂದರು. ದುರ್ಗದಿಂದ ದಿನಾ ಬಸ್ಸಿನಲ್ಲಿ ಹೋಗಿ ಹೊಳಲ್ಕೆರೆಯ ಹೈಸ್ಕೂಲಿನಲ್ಲಿ ಇಂಗ್ಲಿಷ್ ಕಲಿಸುವವರು, ವಯಸ್ಸು ನಲವತ್ತೇಳು. ಅವರೊಮ್ಮೆ ಹುಬ್ಬು ಗಂಟಿಕ್ಕಿದರೆ ಹತ್ತನೇ ಕ್ಲಾಸಿನ ಹಿಂದಿನ ಬೆಂಚು ಕೂಡ ತೆಪ್ಪಗಾಗುತ್ತಿತ್ತಂತೆ. ಇಪ್ಪತ್ತು ವರ್ಷ ಹಾಗೆ ಗಂಟಿಕ್ಕಿದ್ದಕ್ಕೆ ಹುಬ್ಬುಗಳ ನಡುವೆ ಎರಡು ನೆಟ್ಟಗಿನ ಗೆರೆ ಖಾಯಂ ಆಗಿ ನಿಂತಿದ್ದವು.

"ಬರ್ರಿ ಮೇಡಂ, ಕುಂತ್ಕಳ್ರಿ. ಇವತ್ತು ಸ್ಕೂಲಿಲ್ವ?"

"ರಜ ಹಾಕೀನಿ. ಭಾನುವಾರ ಮಗಳ ನಿಶ್ಚಿತಾರ್ಥ ನಸೀಬಾ, ಹೊಸದುರ್ಗದ ಕಡೆಯೋರು. ಚೆನ್ನಾಗಿ ಒತ್ತಿ ಒಂದು ಫೇಷಿಯಲ್ ಮಾಡು. ಮದುವೆ ಕೆಲಸಾನೂ ನಿಂದೇ, ಮನೆಮಂದಿಗೆಲ್ಲ."

ಮನೆಮಂದಿಗೆಲ್ಲ ಎಂದರೆ ಸಣ್ಣ ಮಾತಲ್ಲ. ನಸೀಬಾ ಖುಷಿಯಿಂದಲೇ ಹತ್ತಿಯನ್ನು ಪನ್ನೀರಿನಲ್ಲಿ ಅದ್ದಿ ಟೀಚರ ಹಣೆ ಒರೆಸಿದಳು. ಪೌಡರು ಹೋಗುತ್ತಿದ್ದಂತೆ ಹುಬ್ಬಿನ ನಡುವೆ ಐದು ಸಣ್ಣ ಕೆಂಪು ಚುಕ್ಕೆ ಕಂಡವು. ಹಣೆಯ ಮೇಲೆ ಇನ್ನೂ ನಾಲ್ಕು. ಒಂದರ ಸುತ್ತ ನೀಲಿ ಕಟ್ಟಿತ್ತು.

ಅವಳ ಕೈ ನಿಂತಿತು. ಹೋದ ವರ್ಷ ಕ್ರೀಮ್ ಕಂಪನಿಯೊಂದು ದಾವಣಗೆರೆಯಲ್ಲಿ ಪಾರ್ಲರಿನವರಿಗೆ ಶಿಬಿರ ನಡೆಸಿತ್ತು. ಅಲ್ಲಿ ಚರ್ಮದ ಡಾಕ್ಟರೊಬ್ಬರು ಮುಖದ ಗೆರೆ ಅಳಿಸುವ ಇಂಜೆಕ್ಷನ್ ಬಗ್ಗೆ ಹೇಳಿದ್ದರು. ಹಣೆ ಸುಕ್ಕಾಗಿಸುವ ಸ್ನಾಯುವನ್ನು ಆ ಔಷಧಿ ನಾಲ್ಕೈದು ತಿಂಗಳು ಮಲಗಿಸುತ್ತದೆ. ಆದರೆ ಚುಚ್ಚಿದ ಜಾಗದಲ್ಲೇ ಅದು ಇಳಿಯಬೇಕು. ಅಷ್ಟರೊಳಗೆ ಮೇಲಿಂದ ತಿಕ್ಕಿದರೆ ಪಕ್ಕಕ್ಕೆ ಸರಿದು, ಎಚ್ಚರ ಇರಬೇಕಾದ ಸ್ನಾಯುವನ್ನೂ ಮಲಗಿಸೀತು. ಎರಡು ವಾರ ಮಸಾಜೂ ಬೇಡ, ಸ್ಟೀಮೂ ಬೇಡ ಎಂದಿದ್ದರು ಅವರು. ಬಂದ ಹೆಂಗಸರೆಲ್ಲ ಪುಕ್ಕಟೆ ಕ್ರೀಮಿಗೆ ಸಾಲು ನಿಂತಿದ್ದಾಗ ನಸೀಬಾ ಒಬ್ಬಳೇ ಕೂತು ಅದನ್ನು ಬರೆದುಕೊಂಡಿದ್ದಳು.

ಅವಳು ಪರದೆ ಎಳೆದು, ಹೊರಗಿನ ಬೆಂಚಿಗೆ ಕೇಳಿಸದ ಹಾಗೆ ಬಗ್ಗಿ ಕೇಳಿದಳು: "ಮೇಡಂ, ಹಣೆಗೆ ಇಂಜೆಕ್ಷನ್ ಯಾವತ್ತು ಮಾಡಿಸ್ಕಂಡ್ರಿ?"

"ಯಾವ ಇಂಜೆಕ್ಷನ್ನು? ಸೊಳ್ಳೆ ಕಡ್ದಿರಾದು."

"ಸೊಳ್ಳೆ ಹಿಂಗೆ ಅಳತೆ ಇಟ್ಟು ಕಡಿಯಲ್ಲ ಮೇಡಂ."

ಟೀಚರ ಹುಬ್ಬು ಗಂಟಾಯಿತು. ಔಷಧಿ ಇನ್ನೂ ಕೆಲಸ ಶುರು ಮಾಡಿರಲಿಲ್ಲ. "ನಾನು ಬಂದಿರಾದು ಫೇಷಿಯಲ್‌ಗೆ, ವಿಚಾರಣೆಗಲ್ಲ."

"ಯಾರಿಗೂ ಹೇಳಲ್ಲ ನಾನು. ಭಾನುವಾರ ಬೆಳಿಗ್ಗೆ ಮನೆಗೇ ಬಂದು ಮೇಕಪ್ ಮಾಡ್ತೀನಿ, ಹಗುರಕ್ಕೆ. ಇವತ್ತು ತಿಕ್ಕಾದು ಬ್ಯಾಡ. ಹದಿನೈದು ದಿನ ಬಿಟ್ಟು ಬರ್ರಿ."

"ಹದಿನೈದು ದಿನ ಬಿಟ್ಟು ಇನ್ನೊಂದು ನಿಶ್ಚಿತಾರ್ಥ ಮಾಡ್ಲೇನು?" ಟೀಚರು ಎದ್ದರು. ಪರದೆ ಸರಿಸಿ, ಬೆಂಚಿನ ಮೇಲಿದ್ದ ಇಬ್ಬರಿಗೆ ಕೇಳುವ ಹಾಗೆ, "ಈಯಮ್ಮಂಗೆ ಈಗ ದೊಡ್ಡಸ್ತಿಕೆ ಬಂದೈತೆ" ಎಂದು ಹೇಳಿ ಇಳಿದುಹೋದರು.

ಬೆಂಚಿನವರು ಯಾಕೆ, ಏನಾಯಿತು ಎಂದರು. ನಿಜ ಹೇಳುವಂತಿರಲಿಲ್ಲ. "ನಂಗೆ ಇವತ್ತು ಕೈನೋವು" ಎಂದಳು ನಸೀಬಾ. ಹಾಗೆ ಹೇಳಿದ ತಪ್ಪಿಗೆ ಆ ಇಬ್ಬರನ್ನೂ ವಾಪಸ್ ಕಳಿಸಬೇಕಾಯಿತು.

ಶನಿವಾರ ಮಧ್ಯಾಹ್ನ ಟೀಚರ ಗಂಡ ಮಾರುತೇಶ್ ಬಳೆ ಅಂಗಡಿಯ ಮುಂದೆ ಸ್ಕೂಟರ್ ನಿಲ್ಲಿಸಿದರು. ತಾಲ್ಲೂಕು ಆಫೀಸಿನಲ್ಲಿ ತಗ್ಗಿದ ದನಿಯಲ್ಲೇ ಮಾತಾಡುವ ಮನುಷ್ಯ ಅವತ್ತು ಬೀದಿಗೆಲ್ಲ ಕೇಳುವಂತೆ ಕೂಗಿದರು: "ಏನಮ್ಮ, ನನ್ನ ಹೆಂಡ್ತಿ ಮುಖಕ್ಕೆ ಏನು ಬಳಿದೆ? ಎಡಗಣ್ಣು ಅರ್ಧ ಮುಚ್ಚೈತೆ! ನಾಳೆ ಬೀಗರು ಬರ್ತಾರೆ!"

ಬಳೆ ಕೊಳ್ಳುತ್ತಿದ್ದವರೆಲ್ಲ ಕೈ ಹಿಂದಕ್ಕೆಳೆದುಕೊಂಡು ನಸೀಬಾಳನ್ನು ನೋಡಿದರು. ರೌಫನೂ ನೋಡಿದ. ನಾನು ಮುಟ್ಟೇ ಇಲ್ಲ ಎನ್ನುವುದು ಅವಳ ನಾಲಿಗೆಯ ತುದಿಗೆ ಬಂತು. ಅಂದರೆ ಯಾಕೆ ಮುಟ್ಟಲಿಲ್ಲ ಎಂದು ಕೇಳುತ್ತಾರೆ; ಯಾಕೆ ಎಂದು ಹೇಳಿದರೆ ನಿಶ್ಚಿತಾರ್ಥದ ಮುಂಚಿನ ದಿನ ಆ ಮನೆಯಲ್ಲಿ ರಾಮಾಯಣ. ಯಾರಿಗೂ ಹೇಳಲ್ಲ ಎಂದು ಬಾಯಿಬಿಟ್ಟು ಬೇರೆ ಅಂದಿದ್ದಳು. ಕೋಪ ನುಂಗಿಕೊಂಡು ಬುರ್ಖಾ ಹಾಕಿಕೊಂಡಳು. "ನಡೀರಿ ಸಾರ್, ನೋಡಾಣ."

ಮನೆಯ ಪಡಸಾಲೆಯಲ್ಲಿ ಕೂತಿದ್ದ ಟೀಚರ ಅತ್ತೆ ಕೆಂಚಕ್ಕ ಅವಳನ್ನು ಕಂಡದ್ದೇ ಕೈಹಿಡಿದು ಹತ್ತಿರಕ್ಕೆಳೆದರು. "ಬಾರವ್ವ. ಏನು ಮದ್ದು ಹಾಕಿದ್ಯೋ ಕಾಣೆ, ಎರಡು ದಿನದಿಂದ ನನ್ ಸೊಸಿ ನನ್ ಮ್ಯಾಲೆ ಹುಬ್ಬು ಗಂಟಿಕ್ಕಿಲ್ಲ. ಆ ಕಣ್ಣೊಂದು ನೆಟ್ಟಗೆ ಮಾಡು, ಮಿಕ್ಕಿದ್ದು ಹಂಗೇ ಇರ್ಲಿ."

ಒಳಕೋಣೆಯಲ್ಲಿ ಉಷಾರಾಣಿ ಟೀಚರು ಬಾಗಿಲು ಹಾಕಿಕೊಂಡು ಅಳುತ್ತಿದ್ದರು. ಎಡರೆಪ್ಪೆ ಅರ್ಧ ಇಳಿದಿತ್ತು. ಪಾರ್ಲರಿನಲ್ಲಿ ಅತ್ತ ಹೆಂಗಸರನ್ನು ನಸೀಬಾ ಬೇಕಾದಷ್ಟು ಕಂಡಿದ್ದಳು. ಅಳುತ್ತಿರುವ ಸಂಗತಿ ಹಣೆಗೇ ಗೊತ್ತಿಲ್ಲದಂಥ ಮುಖವನ್ನು ನೋಡಿದ್ದು ಅದೇ ಮೊದಲು. ಕಣ್ಣೀರು ಇಳಿಯುತ್ತಿತ್ತು, ಹಣೆ ಮಾತ್ರ ತಟ್ಟೆಯ ಹಾಗೆ ನುಣ್ಣಗಿತ್ತು.

"ಸೋಮವಾರ ಬೆಂಗಳೂರಿಗೆ ಹೋಗಿ ಮಾಡಿಸ್ಕಂಡೆ" ಎಂದರು ಟೀಚರು. "ಮಂಗಳವಾರ ನಿನ್ನ ಹತ್ರ ಜಗಳ ಆಡಿ ಸೀದಾ ಹೊಳಲ್ಕೆರೆ ಬಸ್ ಹತ್ತಿದೆ. ಸ್ಕೂಲಿನ ಹತ್ರ ಒಂದು ಪಾರ್ಲರ್ ಐತೆ. ಆ ಹುಡುಗಿ ಮೆತ್ತಗೇ ಮಾಡ್ತಿದ್ಲು. ಜೋರಾಗಿ ಒತ್ತು ಅಂತ ನಾನೇ ಹೇಳ್ದೆ."

"ಮತ್ತೆ ಮನೇಲಿ ನನ್ ಹೆಸರು ಯಾಕೆ ಹೇಳಿದ್ರಿ?"

"ರಜ ಹಾಕಿ ಹೊಳಲ್ಕೆರೆಗೆ ಯಾಕೆ ಹೋಗಿದ್ದೆ ಅಂದ್ರೆ ಏನು ಹೇಳ್ಲಿ?"

ಡಾಕ್ಟರು ಏನಾದರೂ ಚೀಟಿ ಕೊಟ್ಟಿದ್ದರೇ ಎಂದು ನಸೀಬಾ ಕೇಳಿದಳು. ಪರ್ಸಿನಿಂದ ನಾಲ್ಕು ಮಡಿಕೆಯ ಇಂಗ್ಲಿಷ್ ಕಾಗದವೊಂದು ಹೊರಗೆ ಬಂತು. ಮಡಿಕೆ ಬಿಚ್ಚಿಯೇ ಇರಲಿಲ್ಲ. ಪ್ರಶ್ನೆಪತ್ರಿಕೆಯನ್ನು ಎರಡೆರಡು ಸಲ ಓದಿ ಎಂದು ಇಪ್ಪತ್ತು ವರ್ಷದಿಂದ ಮಕ್ಕಳಿಗೆ ಹೇಳುತ್ತಾ ಬಂದಿದ್ದ ಟೀಚರು ಈಗ ಕನ್ನಡಕ ಹಾಕಿಕೊಂಡು, ಕ್ಲಾಸಿನಲ್ಲಿ ಮಾಡುವಂತೆ ಒಂದೊಂದೇ ಸಾಲು ಓದಿ ಅರ್ಥ ಹೇಳಿದರು. "ಎರಡು ವಾರ ಮುಖ ತಿಕ್ಕಬಾರದು, ಮಸಾಜು ಮಾಡಿಸಬಾರದು…" ಅಲ್ಲಿಗೆ ನಿಲ್ಲಿಸಿದರು.

ನಸೀಬಾ ಕಾಗದದ ಕೆಳಗಿದ್ದ ನಂಬರಿಗೆ ತನ್ನ ಮೊಬೈಲಿನಿಂದಲೇ ಫೋನು ಹಚ್ಚಿ ಕೊಟ್ಟಳು. ಹೆದರಬೇಡಿ, ಕೆಲವು ವಾರಗಳಲ್ಲಿ ರೆಪ್ಪೆ ತಾನೇ ಏಳುತ್ತದೆ, ಇನ್ನು ಮುಟ್ಟಬೇಡಿ, ಇವತ್ತೇ ಕಣ್ಣಿನ ಡಾಕ್ಟರಿಗೆ ತೋರಿಸಿ ಎಂದರಂತೆ ಬೆಂಗಳೂರಿನ ಡಾಕ್ಟರು. ಕಣ್ಣಿನ ಡಾಕ್ಟರು ಕೊಟ್ಟ ಹನಿ ಹಾಕಿದ ಮೇಲೆ ರೆಪ್ಪೆ ಒಂದು ಎಳ್ಳಿನಷ್ಟು ಮೇಲೆದ್ದಿತು. ಗಾಳಿ ಬಡಿದದ್ದು ಎಂದು ಕೆಂಚಕ್ಕ ತೀರ್ಮಾನ ಕೊಟ್ಟರು. ಮಾರುತೇಶ್ ಅದನ್ನು ನಂಬಿದರು, ನಸೀಬಾಳ ಕ್ರೀಮನ್ನು ಬೈಯುವುದನ್ನೂ ಬಿಡಲಿಲ್ಲ.

ಭಾನುವಾರ ಬೆಳಿಗ್ಗೆ ನಸೀಬಾ ಸ್ಪಂಜಿನಿಂದ ತಟ್ಟಿ ತಟ್ಟಿ ಟೀಚರಿಗೆ ಮೇಕಪ್ ಮಾಡಿದಳು. ಬಲಗಣ್ಣಿಗೆ ದಪ್ಪಗೆ ಕಾಡಿಗೆ ಎಳೆದು ಅದನ್ನೂ ಸ್ವಲ್ಪ ಸಣ್ಣದು ಮಾಡಿ, ಮೇಲೆ ಅಗಲ ಫ್ರೇಮಿನ ಕನ್ನಡಕ ಇಟ್ಟಳು. ಹುಡುಕಿ ನೋಡಿದರಷ್ಟೇ ಕಾಣುವ ಹಾಗಾಯಿತು.

ಛತ್ರದಲ್ಲಿ ಗಂಡಿನ ತಾಯಿ ಶೋಭಾರಾಣಿ ಮಾತು ಶುರು ಮಾಡಿದರು. ಮದುವೆ ಹೊಸದುರ್ಗದಲ್ಲೇ ಆಗಲಿ ಎಂದರು. ತಮ್ಮ ಕಡೆಯಿಂದ ಆರುನೂರು ಜನ ಎಂದರು. ಊಟಕ್ಕೆ ಎರಡು ಸಿಹಿ ಸಾಲದು ಎಂದರು. ಒಂದೊಂದು ಮಾತಿಗೂ ಉಷಾರಾಣಿ ಟೀಚರು ಇದ್ದ ಸಿಟ್ಟನ್ನೆಲ್ಲ ಹುಬ್ಬಿಗೆ ತಂದರು, ಹುಬ್ಬು ಅಲ್ಲಾಡಲಿಲ್ಲ. ಇಪ್ಪತ್ನಾಲ್ಕು ವರ್ಷದಿಂದ ಹೆಂಡತಿಯ ಹಣೆ ನೋಡಿಯೇ ಹೂಂ ಅಥವಾ ಉಹೂಂ ಎನ್ನುತ್ತಿದ್ದ ಮಾರುತೇಶ್ ಪ್ರತಿ ಸಲವೂ ಅತ್ತ ತಿರುಗಿ ನೋಡಿದರು. ಅಲ್ಲಿ ಯಾವ ಅಡ್ಡಿಯೂ ಕಾಣಲಿಲ್ಲ. ಮೂರಕ್ಕೂ ಒಪ್ಪಿಬಿಟ್ಟರು.

"ಎಂಥ ಶಾಂತ ಮುಖರೀ ನಿಮ್ದು!" ಶೋಭಾರಾಣಿ ಟೀಚರ ಕೈಹಿಡಿದರು. "ಬ್ಯಾರೆಯೋರಾಗಿದ್ರೆ ಇಷ್ಟೊತ್ತಿಗೆ ಮುಖ ಸಿಂಡರಿಸ್ತಿದ್ರು. ಹಣೆ ಮ್ಯಾಲೆ ಒಂದು ಗೆರೆ ಇಲ್ಲ. ಏನು ಹಚ್ಕಂತೀರಿ?"

ಟೀಚರಿಗೆ ಬೇರೆ ದಾರಿ ಇರಲಿಲ್ಲ. "ಅಲ್ಲಿ ನಿಂತವಳಲ್ಲ ನಸೀಬಾ, ಅವಳು ಮಾಡಿದ ಫೇಷಿಯಲ್" ಎಂದರು. ಹಿಂದಿನ ದಿನ ಬೀದಿಯಲ್ಲಿ ಕೂಗಾಡಿದ್ದ ಮಾರುತೇಶ್, "ದುರ್ಗದಾಗೆ ಅವ್ಳನ್ನ ಬಿಟ್ರೆ ಇಲ್ಲ ಬಿಡ್ರಿ" ಎಂದು ದನಿಗೂಡಿಸಿದರು.

ಊಟವಾದ ಮೇಲೆ ಟೀಚರು ಅವಳನ್ನು ಪಕ್ಕಕ್ಕೆ ಕರೆದರು. "ಬೆಳಿಗ್ಗೆಯಿಂದ ಮೈಯೆಲ್ಲ ಉರೀತೈತೆ ನಸೀಬಾ. ಒಬ್ರಿಗೂ ಗೊತ್ತಾಗ್ಲಿಲ್ಲ."

"ನಂಗೆ ಗೊತ್ತಾತು ಮೇಡಂ."

"ಎಲ್ಲಿ ಕಾಣ್ತು?"

"ಮೂಗಿನಾಗೆ."

ಟೀಚರು ನಕ್ಕರು. ಆಮೇಲೆ ತಗ್ಗಿದ ದನಿಯಲ್ಲಿ, "ತಪ್ಪಾತು ಕಣೇ" ಎಂದರು. ಅಷ್ಟು ಸಾಕಾಗಿತ್ತು ನಸೀಬಾಳಿಗೆ. ಆದರೆ ಅದನ್ನು ಬಳೆ ಅಂಗಡಿಯ ಮುಂದೆ ಹೇಳಿದ್ದರೆ ಇನ್ನೂ ಚೆನ್ನಾಗಿತ್ತು ಅನ್ನಿಸದೇ ಇರಲಿಲ್ಲ.

ರೆಪ್ಪೆ ಪೂರ್ತಿ ಏಳಲು ಐದು ವಾರ ಹಿಡಿಯಿತು. ಅಷ್ಟರೊಳಗೆ ಟೀಚರಿಗೆ ಮಾಡಿದ ಫೇಷಿಯಲ್ಲೇ ಬೇಕು ಎಂದು ಕೇಳಿಕೊಂಡು ಬಂದವರಿಗೆ ಲೆಕ್ಕವಿಲ್ಲ. ನಸೀಬಾ ತನ್ನ ಮಾಮೂಲಿ ಫೇಷಿಯಲ್ಲನ್ನೇ ಮಾಡಿ ಕಳಿಸುತ್ತಿದ್ದಳು. ಎಲ್ಲರೂ ಹಣೆ ಸವರಿಕೊಂಡು, ಹೌದು ವ್ಯತ್ಯಾಸ ಐತೆ, ಎಂದು ಹೋಗುತ್ತಿದ್ದರು. ಕೈಯಿಡುವ ಮುಂಚೆ ಮಾತ್ರ ಪರದೆ ಎಳೆದು ಪ್ರತಿಯೊಬ್ಬರನ್ನೂ ಒಂದೇ ಪ್ರಶ್ನೆ ಕೇಳುತ್ತಿದ್ದಳು. ಹೆಚ್ಚಿನವರು, ಹಂಗೂ ಒಂದು ಇಂಜೆಕ್ಷನ್ ಐತಾ, ಎಲ್ಲಿ ಹಾಕ್ತಾರೆ, ಎಂದು ಅವಳನ್ನೇ ಕೇಳುತ್ತಿದ್ದರು.

ಮದುವೆಗೆ ಇನ್ನು ಇಪ್ಪತ್ತು ದಿನ ಇರುವಾಗ ಹೊಸದುರ್ಗದಿಂದ ಕಾರು ಮಾಡಿಸಿಕೊಂಡು ಶೋಭಾರಾಣಿಯೇ ಬಂದರು. ನಸೀಬಾ ಪರದೆ ಎಳೆದು ಅದೇ ಪ್ರಶ್ನೆ ಕೇಳಿದಳು. ಅವರು ಪರದೆ ಪೂರ್ತಿ ಮುಚ್ಚಿದೆಯೇ ಎಂದು ನೋಡಿದರು. ಆಮೇಲೆ ಬಾಯಿ ಬಿಡದೆ ನಾಲ್ಕು ಬೆರಳು ಎತ್ತಿದರು.

"ನಾಕು ದಿನ ಆತಾ?"

"ನಮ್ಮ ಮನೆಯೋರಿಗೂ ಗೊತ್ತಿಲ್ಲಮ್ಮ."

ನಸೀಬಾ ಗೋಡೆಯ ಕ್ಯಾಲೆಂಡರಿನಲ್ಲಿ ಹತ್ತು ದಿನ ಎಣಿಸಿ ಒಂದು ತಾರೀಕು ಹೇಳಿದಳು. "ಅಲ್ಲಿತಂಕ ಯಾರ ಕೈಗೂ ಮುಖ ಕೊಡಬ್ಯಾಡ್ರಿ. ಮನೇಲೂ ತಿಕ್ಕಬ್ಯಾಡ್ರಿ."

ಶೋಭಾರಾಣಿ ತಲೆಯಾಡಿಸಿ ಎದ್ದರು. ಪರದೆಗೆ ಕೈಹಾಕಿದವರು ತಿರುಗಿ ನಿಂತು, ಪಿಸುದನಿಯಲ್ಲಿ ಕೇಳಿದರು: "ನಮ್ಮ ಬೀಗಿತ್ತಿ ಇಂಥವೆಲ್ಲ ಮಾಡಿಸ್ಕಳಲ್ಲ, ಅಲ್ವ?"

"ಇಲ್ಲ ಬಿಡ್ರಿ" ಎಂದಳು ನಸೀಬಾ. "ಅವ್ರದ್ದು ಹುಟ್ಟಿನಿಂದ್ಲೂ ಶಾಂತ ಮುಖ."