ಬಿಟ್ಟಿ ಕೂತವರು

"ಬಿಟ್ಟಿ ಕೂಳು ತಿನ್ನೋ ಜಾತಿ ನಿಮ್ದು. ದೋಣಿನೂ ಬಿಟ್ಟಿ ಬೇಕೇನ?"

ಇಲಾಖೆಯ ಸಾಹೇಬ ಹೀಗಂದಾಗ ನಾವು ಹೆಂಗಸರು ಬಗ್ಗಿ, ದೋಣಿಗೆ ನುಗ್ಗಿದ ನೀರನ್ನು ಡಬ್ಬಿಯಲ್ಲಿ ತೋಡಿ ಹೊಳೆಗೆ ಚೆಲ್ಲುತ್ತಿದ್ದೆವು. ಸರ್ಕಾರದ ದೋಣಿ. ತಳ ಸೀಳಿ ಎಷ್ಟೋ ಕಾಲವಾಯಿತು, ರಿಪೇರಿ ಮಾಡಿಸಲಿಲ್ಲ. ದಿನಗೂಲಿಯ ಗ್ಯಾನಪ್ಪ ಒಬ್ಬನೇ ಹುಟ್ಟು ಹಾಕಬೇಕೋ, ನೀರು ತೋಡಬೇಕೋ? ಆಚೆ ದಡಕ್ಕೆ ನೆಲ್ಲು ನಾಟಿಗೆ ಹೋಗುವ ನಾವೇ ತೋಡುತ್ತೇವೆ, ಅವನು ನಮಗೆ ಟಿಕೆಟ್ ಕೇಳುವುದಿಲ್ಲ. ದೋಣಿ ನಿಂತರೆ ನಮಗೆ ಕೂಲಿ ಇಲ್ಲ, ಮನೆಯಲ್ಲಿ ಒಲೆ ಹೊತ್ತುವುದಿಲ್ಲ.

ಸಾಹೇಬ ಬಂದದ್ದು ಈ ದೋಣಿಯನ್ನು ನಿಲ್ಲಿಸಲಿಕ್ಕೇ. ದೋಣಿಯಲ್ಲಿ ಅವನ ಪಕ್ಕ ಕೂತವನು ಕಲ್ಲೇಶ, ಹನುಮನಹಳ್ಳಿಗೆ ಬರುವ ಪ್ರವಾಸಿಗರಿಗೆ ಬೋಟು ಬಿಡುವ ಗುತ್ತಿಗೆದಾರ. ಇಬ್ಬರೂ ಟಿಕೆಟ್ ತೆಗೆದುಕೊಂಡಿರಲಿಲ್ಲ.

"ಲುಕ್ಸಾನ ಆಗೋದ ಇಂಥವರಿಂದ ನೋಡ್ರಿ ಸಾಹೇಬ್ರ," ಎಂದ ಕಲ್ಲೇಶ. "ಈ ಹೊಳಿ ದಂಡಿ ನಂಗ ಬಿಟ್ಟಕೊಡ್ರಿ, ನನ್ನ ಬೋಟ ಬಿಡ್ತೀನಿ."

"ಏ ಗ್ಯಾನ್ಯಾ, ಹರಿಯಲೇ ಇವರಿಗೆ ಟಿಕೆಟ್! ಇಲ್ಲಂದ್ರ ಇವತ್ತಿಗೇ ದೋಣಿ ಬಂದ್," ಎಂದ ಸಾಹೇಬ.

ಗ್ಯಾನಪ್ಪ ನಡು ಹೊಳೆಯಲ್ಲೇ ಹುಟ್ಟು ಒಳಗೆಳೆದುಕೊಂಡು, ತಲೆ ತಗ್ಗಿಸಿ ಟಿಕೆಟ್ ಹರಿದ. ಗಾಳೆಮ್ಮ ಎಲ್ಲರಿಗಿಂತ ಹಿರಿಯಳು. ಸೆರಗಿನ ಗಂಟು ಬಿಚ್ಚಿ ಎಲೆ-ಅಡಿಕೆಗೆ ಇಟ್ಟಿದ್ದ ರೊಕ್ಕ ಕೊಟ್ಟಳು. ನಾವೂ ಕೊಟ್ಟೆವು.

ಗಾಳೆಮ್ಮ ಡಬ್ಬಿ ಕೆಳಗಿಟ್ಟು, ಸಾಹೇಬನ ಎದುರಿಗೇ ಹಲಗೆಯ ಮೇಲೆ ಕೂತಳು. ಅವಳು ಅಂಥವರ ಎದುರು ಕೂತದ್ದನ್ನು ನಾನೆಂದೂ ಕಂಡಿರಲಿಲ್ಲ. ನಾವೂ ಕೂತೆವು.

ನೀರು ಸಾಹೇಬನ ಬೂಟು ಹತ್ತಿತು.

"ಏ ರಂಡೇರ, ಕುಂತೀರಲ್ಲ! ನೀರ ಚೆಲ್ರೇ!"

"ಟಿಕೆಟ್ ತಗೊಂಡೀವಲ್ರಿ," ಎಂದಳು ಗಾಳೆಮ್ಮ. "ರೊಕ್ಕಾ ಕೊಟ್ಟವರು ಯಾಕ ಚೆಲ್ಲಬೇಕ್ರಿ? ನೀವು ಬಿಟ್ಟಿ ಕುಂತೀರಿ. ನೀವ ಚೆಲ್ರಿ."

"ಮುಳುಗಿದ್ರ ನೀನೂ ಸಾಯ್ತಿ, ಮುದುಕಿ!"

"ಹೌದ್ರಿ. ನಂಗೂ ಈಜ ಬರಂಗಿಲ್ಲ."

ಸಾಹೇಬ ಗ್ಯಾನಪ್ಪನತ್ತ ತಿರುಗಿದ. ಗ್ಯಾನಪ್ಪ ಹುಟ್ಟನ್ನು ತೊಡೆಯ ಮೇಲೆ ಅಡ್ಡ ಇಟ್ಟುಕೊಂಡು ಕೂತೇ ಇದ್ದ. ದೋಣಿ ಅಡ್ಡ ತಿರುಗಿ ಸೆಳವಿಗೆ ಬಿತ್ತು. "ಏನಾರ ಮಾಡ್ರಿ ಸಾಹೇಬ್ರ!" ಎಂದು ಕಲ್ಲೇಶ ಅತ್ತೇಬಿಟ್ಟ. ಹೆದರಿ ನಾನು ಡಬ್ಬಿಯತ್ತ ಕೈ ಚಾಚಿದೆ. ಗಾಳೆಮ್ಮ ನನ್ನ ಮುಂಗೈ ಬಿಗಿಯಾಗಿ ಹಿಡಿದಳು.

ಸಾಹೇಬ ಬಗ್ಗಿ ಡಬ್ಬಿ ಎತ್ತಿಕೊಂಡ. ತೋಡಿದ, ಚೆಲ್ಲಿದ, ಮತ್ತೆ ತೋಡಿದ. ಒಬ್ಬನ ಕೈಗೆ ತೀರುವ ನೀರಲ್ಲ ಅದು. ನಮ್ಮಲ್ಲಿ ಯಾರೂ ಏಳಲಿಲ್ಲ.